ದಸ್ತಿಯ ಕೆಳಗಿನ ಎರಡು ಬೆರಳು

ದನದ ವ್ಯಾಪಾರದಲ್ಲಿ ಬಾಯಿಗೆ ಹೆಚ್ಚು ಕೆಲಸವಿಲ್ಲ. ಸಂತೆಯಲ್ಲಿ ಎಷ್ಟೇ ಗದ್ದಲವಿರಲಿ, ಬೆಲೆ ಮಾತ್ರ ಸದ್ದಿಲ್ಲದೆ ಆಗಬೇಕು. ಕೊಳ್ಳುವವನ ಕಡೆಯ ದಲಾಲಿಯೂ ಮಾರುವವನ ಕಡೆಯ ದಲಾಲಿಯೂ ಎದುರುಬದುರು ನಿಂತು ಬಲಗೈಗೆ ಬಲಗೈ ಕೊಟ್ಟು, ಮೇಲೆ ಹೆಗಲ ಟವೆಲ್ ಹೊದಿಸುತ್ತಾರೆ. ನಮ್ಮ ಕಡೆ ಅದಕ್ಕೆ ದಸ್ತಿ ಅನ್ನುತ್ತಾರೆ. ದಸ್ತಿಯ ಕೆಳಗೆ ಒಬ್ಬ ಇನ್ನೊಬ್ಬನ ಬೆರಳು ಹಿಡಿಯುತ್ತಾನೆ. ತೋರುಬೆರಳು ಒಂದನ್ನೇ ಹಿಡಿದರೆ ಒಂದು ಸಾವಿರ, ನಡುಬೆರಳನ್ನೂ ಸೇರಿಸಿದರೆ ಎರಡು, ಕಿರುಬೆರಳಿನ ತನಕ ಹಿಡಿದರೆ ನಾಲ್ಕು, ಇಡೀ ಪಂಜ ಹಿಡಿದರೆ ಐದು. ಮುಖದ ಮೇಲೆ ಏನೂ ಕಾಣಬಾರದು. ಸುತ್ತ ನಿಂತ ಮಂದಿಗೆ ಬೆಲೆ ಗೊತ್ತಾದರೆ ವ್ಯಾಪಾರ ಮುರಿದ ಹಾಗೆಯೇ.

ನಾನು ಅನ್ನ ತಿಂದದ್ದು ಈ ವಿದ್ಯೆಯಿಂದ. ಜೇವರ್ಗಿ ತಾಲೂಕಿನ ಕೊಳಕೂರ ನನ್ನೂರು, ಶರಣಪ್ಪ ನನ್ನ ಹೆಸರು. ಅಫಜಲಪುರ ಕಡೆಯ ಸಂತೆಗಳಲ್ಲಿ ನನ್ನ ಹೆಸರು ಹೇಳಿದರೆ ಎತ್ತುಗಳೂ ತಿರುಗಿ ನೋಡುತ್ತವೆ ಅಂತ ಜಂಬ ಕೊಚ್ಚಿಕೊಳ್ಳುತ್ತಿದ್ದೆ. ಎದುರಿನವನ ಬೆರಳು ಹಿಡಿದ ಕೂಡಲೇ ಅವನು ಇನ್ನೂ ಏರುತ್ತಾನೋ ಇಲ್ಲೇ ನಿಲ್ಲುತ್ತಾನೋ ನನಗೆ ತಿಳಿಯುತ್ತಿತ್ತು. ಅಂಥ ಕೈ ನನ್ನದು. ಆ ಕೈ ಹೋದ ಕತೆ ಇದು. ಎಂಬತ್ತರ ದಶಕದ ಕೊನೆಯ ಮಾತು.

ಲಾಡ್ಲೇಸಾಬ ನನ್ನ ಜೋಡಿ ದಲಾಲಿ. ಅವನು ಅಫಜಲಪುರ ಕಡೆಯ ಗಿರಾಕಿಗಳನ್ನು ತರುತ್ತಿದ್ದ, ನಾನು ಜೇವರ್ಗಿ ಕಡೆಯ ಎತ್ತುಗಳನ್ನು ತರುತ್ತಿದ್ದೆ. ನಮ್ಮಿಬ್ಬರ ಕೈ ದಸ್ತಿಯ ಕೆಳಗೆ ಎಷ್ಟು ಸಲ ಕೂಡಿತ್ತೋ ದೇವರಿಗೇ ಗೊತ್ತು. ಒಂದು ಬೇಸಿಗೆಯ ಸಂತೆಯಲ್ಲಿ ನಮ್ಮೂರ ಕಡೆಯ ರೈತರೊಬ್ಬರ ಜೋಡೆತ್ತು ತಂದಿದ್ದೆ. ಹಾಲಿನಂಥ ಬಣ್ಣ, ಕೂಡಿದ ಕೋಡು, ನೋಡಿದವರು ಎರಡನೇ ಸಲ ನೋಡಬೇಕು. ಲಾಡ್ಲೇಸಾಬ ಬಂದ, ಕೈ ಕೊಟ್ಟ, ದಸ್ತಿ ಹಾಕಿದೆವು. ಅವನು ನನ್ನ ಬೆರಳು ಹಿಡಿದ. ಎರಡು. ಆ ಜೋಡಿಗೆ ಎರಡು ಸಾವಿರ ಅಂದರೆ ಮುಖದ ಮೇಲೆ ಉಗುಳಿದ ಹಾಗೆ. ತಮಾಷೆ ಇರಬೇಕು ಅಂತ ನಾನು ಸುಮ್ಮನೆ ನಿಂತೆ. ಮತ್ತೆ ಹಿಡಿದ. ಮತ್ತೆ ಎರಡೇ. ನನಗೆ ಸಿಟ್ಟು ನೆತ್ತಿಗೇರಿತು. ದಸ್ತಿ ಕಿತ್ತು ನೆಲಕ್ಕೆ ಎಸೆದು, ಇಂಥ ಬೆಲೆ ಹೇಳುವುದಕ್ಕೆ ಕಟುಕರ ಅಂಗಡಿಗೆ ಹೋಗು ಅಂದುಬಿಟ್ಟೆ.

ಲಾಡ್ಲೇಸಾಬನ ಮುಖ ಕಪ್ಪಿಟ್ಟಿತು. ನಾಲ್ಕು ಹಿಡಿದಿದ್ದೇನೆ, ಖುದಾನ ಆಣೆ, ನಾಲ್ಕು ಅಂದ. ನಾನು ಇಲ್ಲವೆಂದೆ. ದಸ್ತಿಯ ಕೆಳಗಿನ ಮಾತಿಗೆ ಸಾಕ್ಷಿ ಯಾರು? ಬೆಲೆ ಬಾಯಿಗೆ ಬಂದ ಮೇಲೆ ವ್ಯಾಪಾರ ಮುರಿಯಿತು, ರೈತರು ಎತ್ತು ಹೊಡೆದುಕೊಂಡು ಮನೆಗೆ ಹೋದರು. ಶರಣಪ್ಪ ಬೇರೆ ಗಿರಾಕಿಯ ಹತ್ತಿರ ಒಳಗಿಂದೊಳಗೇ ಮಾತಾಡಿಕೊಂಡು ಲಾಡ್ಲೇಸಾಬನಿಗೆ ಸುಳ್ಳು ಹೇಳಿದ ಅಂತ ಸಂತೆಯಲ್ಲಿ ಸುದ್ದಿಯಾಯಿತು. ಲಾಡ್ಲೇಸಾಬ ಅವತ್ತಿನಿಂದ ನನ್ನ ಜೊತೆ ಮಾತು ಬಿಟ್ಟ.

ಅವನು ನಾಲ್ಕೇ ಹಿಡಿದಿದ್ದ. ನನಗೆ ತಿಳಿದದ್ದು ಎರಡೇ.

ಇದು ನನಗೆ ಗೊತ್ತಾಗಿದ್ದು ಒಂದು ಲೋಟ ಚಹಾದಿಂದ. ಮನೆಯಲ್ಲಿ ನನ್ನ ಹೆಂಡತಿ ಮಹಾದೇವಿ ಕುದಿಯುವ ಚಹಾ ಸ್ಟೀಲ್ ಲೋಟಕ್ಕೆ ಹಾಕಿ ಕೊಟ್ಟಳು. ನಾನು ಅದರ ಅಂಚನ್ನು ಹೆಬ್ಬೆರಳು ತೋರುಬೆರಳಿನಿಂದ ಹಿಡಿದು, ತಳವನ್ನು ಕೊನೆಯ ಎರಡು ಬೆರಳ ಮೇಲಿಟ್ಟು ಆರಾಮಾಗಿ ಕುಡಿದೆ. ಮರುದಿನ ಬಲಗೈಯ ಕಿರುಬೆರಳ ಮೇಲೂ ಉಂಗುರದ ಬೆರಳ ಮೇಲೂ ದೊಡ್ಡ ಬೊಬ್ಬೆ. ಎಲ್ಲಿ ಸುಟ್ಟುಕೊಂಡಿರಿ ಅಂತ ಅವಳು ಕೇಳಿದಳು. ನನಗೆ ನೆನಪೇ ಇಲ್ಲ. ಅವಳು ಸೂಜಿ ತಂದು ಕಿರುಬೆರಳಿಗೆ ಮೆಲ್ಲಗೆ ಚುಚ್ಚಿದಳು. ನಾನು ಅವಳ ಮುಖವನ್ನೇ ನೋಡುತ್ತಾ ಕುಳಿತಿದ್ದೆ. ಚುಚ್ಚು ಅಂದೆ. ಚುಚ್ಚಿದ್ದೇನೆ ಅಂದಳು.

ಮುಂಗೈ ಮೇಲೆ ಒಂದು ಬಿಳಿಚಿದ ಕಲೆ ಬಹಳ ದಿನಗಳಿಂದ ಇತ್ತು. ಚಿಬ್ಬು ಅಂತ ಮೆಡಿಕಲ್ ಅಂಗಡಿಯ ಮುಲಾಮು ಹಚ್ಚುತ್ತಿದ್ದೆ. ಜೇವರ್ಗಿಯ ಡಾಕ್ಟರು ಆ ಕಲೆ ನೋಡಿದರು, ಮೊಣಕೈಯ ಹಿಂದೆ ಬೆರಳಿಟ್ಟು ಏನನ್ನೋ ಹುಡುಕಿದರು, ಆಮೇಲೆ ನನ್ನನ್ನು ನೋಡುವುದನ್ನೇ ಬಿಟ್ಟು ಚೀಟಿ ಬರೆಯತೊಡಗಿದರು. ಗುಲಬರ್ಗಾಕ್ಕೆ ಹೋಗಿ, ಚರ್ಮದ ವಿಭಾಗಕ್ಕೆ, ಅಂದರು. ಏನು ರೋಗ ಅಂತ ಕೇಳಿದರೆ, ಅಲ್ಲಿ ಹೇಳುತ್ತಾರೆ ಅಂದರು. ಎತ್ತಿಗೆ ಒಳಗೆ ಏನೋ ಐಬಿದೆ ಅಂತ ತಿಳಿದಾಗ ನಾನೂ ಹಾಗೆಯೇ ಮಾಡುತ್ತಿದ್ದೆ. ಮಾಲೀಕನ ಕಣ್ಣು ತಪ್ಪಿಸಿ ಬಾಲದ ಕಡೆ ನೋಡುತ್ತಾ ಮಾತು ಮುಗಿಸುತ್ತಿದ್ದೆ.

ಗುಲಬರ್ಗಾದ ದವಾಖಾನೆಯ ಚರ್ಮದ ವಿಭಾಗದ ಮುಂದಿನ ಒಳ ಓಣಿಯಲ್ಲಿ ಎರಡು ಕಡೆ ಬೆಂಚುಗಳಿದ್ದವು. ಈ ಕಡೆಯ ಬೆಂಚುಗಳಲ್ಲಿ ಕಜ್ಜಿ, ಹುಳುಕಡ್ಡಿ, ಗುಳ್ಳೆಗಳವರು ಕಿಕ್ಕಿರಿದು ಕುಳಿತಿದ್ದರು, ನಿಲ್ಲಲೂ ಜಾಗವಿಲ್ಲ. ಆ ಕಡೆಯ ಉದ್ದನೆಯ ಬೆಂಚಿನಲ್ಲಿ ಇದ್ದವರು ಇಬ್ಬರೇ. ಒಬ್ಬಾಕೆ ಸೆರಗಿನಲ್ಲಿ ಮುಖ ಮುಚ್ಚಿಕೊಂಡಿದ್ದಳು. ಇನ್ನೊಬ್ಬ ಮುದುಕನ ಕೈಯಲ್ಲಿ ಬೆರಳುಗಳಿರಲಿಲ್ಲ. ನಾನು ಈ ಕಡೆ ಗದ್ದಲದಲ್ಲಿ ತೂರಿ ಕುಳಿತೆ, ಜೊತೆಗೆ ಬಂದಿದ್ದ ಮಹಾದೇವಿ ಗೋಡೆಗೆ ಒತ್ತಿ ನಿಂತಳು. ಪಕ್ಕದವನು ಸರಿದು ಜಾಗ ಕೊಟ್ಟ, ಯಾವೂರು ಅಂತ ಕೇಳಿದ, ಮಳೆಯ ಮಾತು ಬಂತು. ಅಷ್ಟರಲ್ಲಿ ಚೀಟಿ ತೆಗೆದುಕೊಳ್ಳುವವನು ನನ್ನ ಚೀಟಿ ಓದಿದ.

‘ನೀವ್ ಆ ಕಡಿ ಬೆಂಚಿಗಿ ಕೂಡ್ರಿ,’ ಅಂದ.

ಗಟ್ಟಿಯಾಗಿಯೇನೂ ಹೇಳಲಿಲ್ಲ, ಪಾಪ. ಆದರೂ ಪಕ್ಕದವನಿಗೆ ಕೇಳಿಸಿತು. ಅವನು ಎದ್ದು, ನಾನು ಕುಳಿತ ಜಾಗವನ್ನು ತನ್ನ ಧೋತರದ ಚುಂಗಿನಿಂದ ಒರೆಸಿದ. ಆ ಓಣಿ ದಾಟಿ ಎದುರಿನ ಬೆಂಚಿಗೆ ಹೋಗಲು ನಾಲ್ಕು ಹೆಜ್ಜೆಯೂ ಬೇಕಿರಲಿಲ್ಲ. ನನ್ನ ಜೀವಮಾನದಲ್ಲಿ ಅಷ್ಟು ದೂರ ನಾನು ಎಂದೂ ನಡೆದಿಲ್ಲ. ಮಹಾದೇವಿ ನನ್ನ ಹಿಂದೆಯೇ ಬಂದಳು. ಬೆಂಚು ಬಹುಪಾಲು ಖಾಲಿ ಇದ್ದರೂ ನನಗೆ ಅಂಟಿಕೊಂಡೇ ಕುಳಿತಳು.

ಒಳಗಿದ್ದವರು ಒಬ್ಬ ಡಾಕ್ಟರಮ್ಮ, ನಡುವಯಸ್ಸಿನವರು. ಕೈಗೆ ಏನನ್ನೂ ಹಾಕಿಕೊಳ್ಳದೆ ನನ್ನ ಕೈ ಹಿಡಿದರು. ನನಗೆ ಅಲ್ಲೇ ಅಳು ಬಂತು ಅಂದರೆ ನಂಬಬೇಕು. ಕಣ್ಣು ಮುಚ್ಚಲು ಹೇಳಿದರು, ಒಂದು ತೆಳ್ಳನೆಯ ದಾರದ ತುದಿಯಿಂದ ಮುಟ್ಟುತ್ತೇನೆ, ಎಲ್ಲಿ ಮುಟ್ಟಿದೆ ಅಂತ ಎಡಗೈಯಿಂದ ತೋರಿಸಿ ಅಂದರು. ನನಗೆ ಒಳಗೊಳಗೇ ನಗು ಬಂತು. ಕಣ್ಣಿಲ್ಲದೆ ಕೈಯಿಂದಲೇ ಎಲ್ಲ ತಿಳಿಯುವವನಿಗೆ ಈ ಪರೀಕ್ಷೆಯೇ ಅಂದುಕೊಂಡೆ.

ಮೊದಲೆರಡು ಸಲ ಗೊತ್ತಾಯಿತು. ಆಮೇಲೆ ಏನೂ ಬರಲಿಲ್ಲ. ಕಾದೆ. ಏನೂ ಇಲ್ಲ. ಆಗ ನನ್ನೊಳಗಿನ ದಲಾಲಿ ಎದ್ದು ಕುಳಿತ. ಅವರ ಉಸಿರು ಕೇಳುತ್ತಿತ್ತು, ಬಳೆಯ ಸದ್ದು ಕೇಳುತ್ತಿತ್ತು. ಎಷ್ಟು ಹೊತ್ತಿಗೊಮ್ಮೆ ಮುಟ್ಟುತ್ತಾರೆ ಅಂತ ಲೆಕ್ಕ ಹಾಕಿ, ಇಲ್ಲಿ, ಇಲ್ಲಿ, ಈಗ ಕಿರುಬೆರಳಿಗೆ ಅಂತ ತೋರಿಸುತ್ತಾ ಹೋದೆ. ನನಗೇ ನನ್ನ ಜಾಣತನ ಮೆಚ್ಚುಗೆಯಾಯಿತು. ಕಣ್ಣು ಬಿಟ್ಟಾಗ ಡಾಕ್ಟರಮ್ಮ ಕೈಕಟ್ಟಿಕೊಂಡು ಕುಳಿತಿದ್ದರು. ದಾರ ಮೇಜಿನ ಮೇಲಿತ್ತು.

‘ನಾ ಮುಟ್ಟೇ ಇಲ್ರಿ,’ ಅಂದರು. ‘ಯಾರಿಗ್ ಮೋಸ ಮಾಡಾಕತ್ತೀರಿ?’

ಅವರು ಬಯ್ಯಲಿಲ್ಲ. ನನ್ನ ಮೊಣಕೈಯ ಹಿಂದಿನ ಗುಂಡಿಯಲ್ಲಿ ಬೆರಳಿಟ್ಟು, ನನ್ನದೇ ಎಡಗೈಯನ್ನು ಹಿಡಿದು ಅಲ್ಲಿಗೆ ಒಯ್ದರು. ಚರ್ಮದ ಕೆಳಗೆ ದಪ್ಪ ಹುರಿಯಂಥದ್ದು ಜಾರಿತು. ಇದು ನರ, ಇಷ್ಟು ದಪ್ಪ ಇರಬಾರದು ಅಂದರು. ನರಕ್ಕೆ ಒಂದು ಹೊದಿಕೆ ಇರುತ್ತದೆ, ಅದರ ಕೆಲಸ ನರವನ್ನು ಕಾಯುವುದು. ಈ ರೋಗದ ಕ್ರಿಮಿಗೆ ಎಲ್ಲಕ್ಕಿಂತ ಆ ಹೊದಿಕೆಯೇ ಇಷ್ಟ, ಅದರ ಒಳಗೇ ಮನೆ ಮಾಡುತ್ತದೆ ಅಂದರು. ಆಮೇಲೆ ರೋಗದ ಹೆಸರು ಹೇಳಿದರು. ನಮ್ಮ ಕಡೆ ಆ ಹೆಸರು ಹೇಳುವುದಿಲ್ಲ, ದೊಡ್ಡ ರೋಗ ಅನ್ನುತ್ತೇವೆ. ಅವರು ಕುಷ್ಠ ಅಂತಲೇ ಹೇಳಿದರು, ನೆಗಡಿ ಅಂದಷ್ಟು ಸಹಜವಾಗಿ. ಆರು ತಿಂಗಳು ಗುಳಿಗೆ, ಆಮೇಲೆ ಕ್ರಿಮಿ ಇರುವುದಿಲ್ಲ, ನಿಮ್ಮಿಂದ ಯಾರಿಗೂ ಹತ್ತುವುದಿಲ್ಲ, ಮನೆಯಲ್ಲಿ ಎಲ್ಲರ ಜೊತೆ ಇರಿ ಅಂದರು.

ಸಂತೆಯಲ್ಲಿ ಕೈ ಕೊಡಬಹುದೇ ಅಂತ ನಾನು ಕೇಳಿದೆ. ಬೇರೇನೂ ಕೇಳಲು ತೋಚಲಿಲ್ಲ. ಖಂಡಿತ ಕೊಡಬಹುದು ಅಂದರು. ಎದುರಿನವರು ತೆಗೆದುಕೊಳ್ಳುತ್ತಾರೋ ಅನ್ನುವುದು ಅವರ ಕೈಯಲ್ಲಿ ಇರಲಿಲ್ಲ.

ಬಸ್ಸಿನಲ್ಲಿ ಮಹಾದೇವಿ ಕಿಟಕಿಯ ಕಡೆ ಮುಖ ಮಾಡಿ ಕುಳಿತಿದ್ದಳು. ಅಳುತ್ತಿದ್ದಾಳೆ ಅಂದುಕೊಂಡೆ. ಅವಳು ಯೋಚನೆ ಮಾಡುತ್ತಿದ್ದಳು. ಜೇವರ್ಗಿ ಬರುವ ಹೊತ್ತಿಗೆ ಅವಳ ಯೋಚನೆ ಮುಗಿದಿತ್ತು.

‘ಸಕ್ರಿ ಬ್ಯಾನಿ ಅಂತ ಹೇಳೂನ್ರಿ,’ ಅಂದಳು. ‘ಸಕ್ರಿ ಬ್ಯಾನಿದಾಗೂ ಕೈ ಜೋಮು ಹಿಡೀತಾವ. ಯಾರೂ ಏನೂ ಕೇಳಂಗಿಲ್ಲ.’

ಹೀಗೆ ನಾನು ಸಕ್ಕರೆ ರೋಗಿಯಾದೆ. ಯಾರ ಮನೆಗೆ ಹೋದರೂ ಸಪ್ಪೆ ಚಹಾ. ಹಬ್ಬದ ದಿನ ಪಕ್ಕದ ಮನೆಯವರು ಹೋಳಿಗೆ ತಂದರೆ ನನ್ನ ಎದುರಿಗೇ ಎಣಿಸಿ, ಶರಣಪ್ಪನನ್ನು ಬಿಟ್ಟು ಅಂತ ಹೇಳಿ ಹೋಗುತ್ತಿದ್ದರು. ಹಾಗಲಕಾಯಿ ರಸ ಕುಡಿಯಿರಿ ಅಂತ ಸಿಕ್ಕವರೆಲ್ಲ ಉಪದೇಶ ಮಾಡುತ್ತಿದ್ದರು, ಇಬ್ಬರು ಕುಡಿಸಿಯೂ ಬಿಟ್ಟರು. ಸುಳ್ಳಿನ ರುಚಿ ಅಷ್ಟು ಕಹಿಯಾಗಿರುತ್ತದೆ ಅಂತ ನನಗೆ ಗೊತ್ತಿರಲಿಲ್ಲ. ಮನೆಯಲ್ಲಿ ನಾನೇ ನನ್ನ ಹಾಸಿಗೆಯನ್ನು ಹೊರಗಿನ ಕಟ್ಟೆಗೆ ಹಾಕಿಕೊಂಡೆ. ಎರಡನೇ ದಿನ ಮಹಾದೇವಿಯೂ ತನ್ನ ಹಾಸಿಗೆ ಅಲ್ಲಿಗೇ ತಂದಳು. ಡಾಕ್ಟರಮ್ಮ ಹೇಳಿದ್ದು ನಿಮಗೆ ಕೇಳಿಸಲಿಲ್ಲವೇ, ನಿಮ್ಮ ಸಲುವಾಗಿ ಸೊಳ್ಳೆ ಕೈಲಿ ಕಡಿಸಿಕೊಳ್ಳಬೇಕು ಅಂತ ಗೊಣಗುತ್ತಲೇ ಮಲಗಿದಳು. ನಾಲ್ಕು ದಿನಕ್ಕೆ ಇಬ್ಬರೂ ಒಳಗೆ ಹೋದೆವು.

ಗುಳಿಗೆಯನ್ನು ಜೇವರ್ಗಿಯಲ್ಲಿ ತೆಗೆದುಕೊಂಡರೆ ಗುರುತಿನವರು ಸಿಗುತ್ತಾರೆ, ಅಫಜಲಪುರದಲ್ಲಿ ಸಂತೆಯವರು ಸಿಗುತ್ತಾರೆ. ಅದಕ್ಕೇ ಆಳಂದದ ದವಾಖಾನೆಯಲ್ಲಿ ಹೆಸರು ಬರೆಸಿಕೊಂಡೆ. ತಿಂಗಳಿಗೊಮ್ಮೆ ಎರಡು ಬಸ್ಸು ಬದಲಿಸಿ ಹೋಗುತ್ತಿದ್ದೆ. ಅಲ್ಲಿ ಅವರ ಎದುರಿಗೇ ದೊಡ್ಡ ಗುಳಿಗೆ ನುಂಗಬೇಕು, ಉಳಿದದ್ದನ್ನು ಮನೆಗೆ ಒಯ್ಯಬೇಕು. ಮೊದಲ ದಿನ ಗುಳಿಗೆ ನುಂಗಿ ಬಂದ ಮೇಲೆ ಮೂತ್ರ ರಕ್ತದ ಹಾಗೆ ಕೆಂಪಗೆ ಹೋಯಿತು. ಹೀಗಾಗುತ್ತದೆ ಅಂತ ಅವರು ಹೇಳಿದ್ದರಂತೆ, ಹೆದರಿಕೆಯಲ್ಲಿ ನಾನು ಕೇಳಿಸಿಕೊಂಡಿರಲಿಲ್ಲ. ನನ್ನ ಕತೆ ಮುಗಿಯಿತು ಅಂತ ಬಸ್ ನಿಲ್ದಾಣದ ಗೋಡೆಗೆ ಒರಗಿ ಕುಳಿತುಬಿಟ್ಟೆ.

ಎರಡನೇ ತಿಂಗಳು ಅದೇ ಸರದಿಯಲ್ಲಿ ನನ್ನ ಮುಂದೆ ನಿಂತವನ ಬೆನ್ನು ಎಲ್ಲೋ ನೋಡಿದ ಹಾಗಿತ್ತು. ಚೌಡಾಪುರದ ರೈತ. ಅವನಿಗೆ ನಾನೇ ಎತ್ತು ಕೊಡಿಸಿದ್ದೆ. ಅವನೂ ಗುರುತಿನವರು ಬೇಡ ಅಂತ ಅಷ್ಟು ದೂರದಿಂದ ಆಳಂದಕ್ಕೆ ಬಂದಿದ್ದ. ಇಬ್ಬರೂ ಒಬ್ಬರನ್ನೊಬ್ಬರು ನೋಡಿ ಮುಖ ತಿರುಗಿಸಿದೆವು. ಗುಳಿಗೆ ನುಂಗಿ ಹೊರಗೆ ಬಂದ ಮೇಲೆ ಅವನು, ಎತ್ತು ಚೆನ್ನಾಗಿವೆ ಅಂದ. ಮೇವು ಚೆನ್ನಾಗಿ ಹಾಕು ಅಂದೆ. ಅಷ್ಟೇ ಮಾತು. ಆ ತಿಂಗಳಿಡೀ ನನಗೆ ಸ್ವಲ್ಪ ಹಗುರ ಅನಿಸಿತು. ಇವತ್ತು ಇದನ್ನೆಲ್ಲ ಬರೆಯುತ್ತಿರುವುದೂ ಅದಕ್ಕೇ. ಇದೇ ಸರದಿಯಲ್ಲಿ ಎಲ್ಲೋ ಮುಖ ತಿರುಗಿಸಿ ನಿಂತವರು ಯಾರಾದರೂ ಇದ್ದರೆ, ಅವರಿಗೆ ನನ್ನ ಬೆನ್ನಾದರೂ ಕಾಣಲಿ.

ನಾಲ್ಕನೇ ತಿಂಗಳು ಮೊಣಕೈ ಉರಿಯತೊಡಗಿತು. ಅಂಥ ನೋವನ್ನು ನಾನು ಕಂಡಿರಲಿಲ್ಲ. ಮೊಣಕೈಯಿಂದ ಕಿರುಬೆರಳಿನ ತನಕ ಮೆಣಸಿನ ಖಾರ ತುಂಬಿದ ಹಾಗೆ. ಮುಟ್ಟಿದರೆ ಏನೂ ಗೊತ್ತಾಗದ ಬೆರಳು ನೋಯುವುದು ಮಾತ್ರ ಬಿಡಲಿಲ್ಲ, ಇದೆಂಥ ನ್ಯಾಯ! ಎರಡು ಬೆರಳೂ ಒಳಕ್ಕೆ ಮಡಚಿಕೊಳ್ಳತೊಡಗಿದವು. ಬಿಡಿಸಿದರೆ ಬಿಡಿಸಿದಷ್ಟು ಹೊತ್ತು, ಬಿಟ್ಟರೆ ಮತ್ತೆ ಮಡಚಿಕೊಳ್ಳುತ್ತಿದ್ದವು. ಗುಳಿಗೆ ತಿನ್ನುವ ಮೊದಲು ಬೆರಳು ನೆಟ್ಟಗಿದ್ದವು, ತಿಂದ ಮೇಲೆ ಸೊಟ್ಟಾದವು. ನಮ್ಮ ಬುದ್ಧಿಗೆ ಹೊಳೆದದ್ದು ಅಷ್ಟೇ. ಗುಳಿಗೆಯೇ ಕೈ ತಿನ್ನುತ್ತಿದೆ ಅಂದಳು ಮಹಾದೇವಿ. ಡಬ್ಬಿಯಲ್ಲಿ ಉಳಿದದ್ದನ್ನು ತಿಪ್ಪೆಗೆ ಹಾಕಿದೆವು, ಆಳಂದಕ್ಕೆ ಹೋಗುವುದನ್ನು ಬಿಟ್ಟೆವು. ಅವಳು ಘತ್ತರಗಿಗೆ ಹೋಗಿ ಭಾಗ್ಯವಂತಿ ದೇವಿಗೆ ಹರಕೆ ಹೊತ್ತು ಬಂದಳು. ನಾನೂ ಜೊತೆಗೆ ಹೋಗಿದ್ದೆ, ಗುಡಿಯೊಳಗೆ ಕಾಲಿಡಲು ಧೈರ್ಯ ಸಾಲದೆ ಭೀಮಾ ನದಿಯ ದಂಡೆಯಲ್ಲಿ ಕುಳಿತೆ. ಮನೆಯಲ್ಲಿ ಅವಳು ಉಪ್ಪಿನ ಗಂಟು ಬಿಸಿ ಮಾಡಿ ಕಾವು ಕೊಟ್ಟಳು, ಅದರಿಂದ ಇನ್ನೂ ಎರಡು ಕಡೆ ಸುಟ್ಟುಕೊಂಡೆ.

ಆಗ ಜೀಪು ಬಂತು.

ಗುಳಿಗೆ ಬಿಟ್ಟವರನ್ನು ಹುಡುಕಿಕೊಂಡು ಹೋಗುವುದು ದವಾಖಾನೆಯವರ ಕೆಲಸ, ಅವರನ್ನು ಅನ್ನುವಂತಿಲ್ಲ. ಆಳಂದದಿಂದ ನನ್ನ ವಿಳಾಸ ಹಿಡಿದು ಕೊಳಕೂರದ ತನಕ ಬಂದಿದ್ದರು. ಜೀಪಿನ ಎರಡೂ ಬದಿಗೆ ರೋಗದ ಹೆಸರನ್ನು ದೊಡ್ಡ ಅಕ್ಷರದಲ್ಲಿ ಬರೆಸಿದ್ದರು, ಇದು ವಾಸಿಯಾಗುತ್ತದೆ ಅಂತ ಅದರ ಕೆಳಗೆ ಸಣ್ಣ ಅಕ್ಷರದಲ್ಲಿತ್ತು. ಜೀಪು ಊರ ಬಾಗಿಲಲ್ಲಿ ನಿಂತು ಶರಣಪ್ಪನ ಮನೆ ಯಾವುದು ಅಂತ ಕೇಳಿತು, ಆಮೇಲೆ ನಮ್ಮ ಮನೆಯ ಮುಂದೆಯೇ ನಿಂತಿತು. ಒಳಗೆ ಬಂದವರು ಬಹಳ ಒಳ್ಳೆಯವರು. ಮೆಲ್ಲಗೆ ಮಾತಾಡಿದರು, ಬಾಗಿಲು ಹಾಕಿಕೊಂಡೇ ಕೈ ನೋಡಿದರು, ಇವತ್ತೇ ಹೊರಡಬೇಕು, ತಡ ಮಾಡಿದರೆ ಕೈ ಹೋಗುತ್ತದೆ ಅಂದರು. ಅಷ್ಟು ಹೊತ್ತೂ ಜೀಪು ಹೊರಗೆ ನಿಂತೇ ಇತ್ತು. ಓಣಿಯಲ್ಲಿ ಓದು ಬಂದವರು ಬಾರದವರಿಗೆ ಓದಿ ಹೇಳುತ್ತಿದ್ದರು. ಕೈ ಉಳಿಸಲು ಬಂದವರೇ ನನ್ನ ಸಕ್ಕರೆ ರೋಗವನ್ನು ಒಂದೇ ಏಟಿಗೆ ವಾಸಿ ಮಾಡಿಬಿಟ್ಟರು.

ಯಾರ ಮನೆಗೆ ಹೋದರೂ ಸಪ್ಪೆ ಚಹಾ ಅಂದೆನಲ್ಲ, ಅವತ್ತಿನಿಂದ ಅದೂ ನಿಂತಿತು.

ನನ್ನನ್ನು ಮೊದಲು ಗುಲಬರ್ಗಾಕ್ಕೆ, ಅಲ್ಲಿಂದ ಸೊಲ್ಲಾಪುರದ ಕಡೆಯ ಒಂದು ಆಸ್ಪತ್ರೆಗೆ ಕಳಿಸಿದರು. ಬಾವು ಇಳಿಯಲು ಗುಳಿಗೆ ಕೊಟ್ಟರು. ನೋವು ಇಳಿಯಲಿಲ್ಲ. ಆಪರೇಷನ್ ಮಾಡಬೇಕು ಅಂದರು. ನಾನು ಬೇಡವೆಂದೆ. ಗುಳಿಗೆ ತಿಂದು ಇಷ್ಟಾಯಿತು, ಕೊಯ್ಯಿಸಿಕೊಂಡರೆ ಇನ್ನೆಷ್ಟಾಗುತ್ತದೋ ಅಂತ ಹಟ ಹಿಡಿದೆ. ಅಲ್ಲಿನ ಡಾಕ್ಟರು ಮರಾಠಿ ಬೆರೆತ ಕನ್ನಡದಲ್ಲಿ ಎಷ್ಟೋ ಹೊತ್ತು ಹೇಳಿದರು. ಕ್ರಿಮಿಗಳು ಸಾಯುತ್ತಿವೆ, ಸತ್ತ ಕ್ರಿಮಿಯ ಮೇಲೂ ನಿನ್ನ ಮೈ ಯುದ್ಧ ಮಾಡುತ್ತಿದೆ, ಅದರಿಂದ ನರ ಬಾತಿದೆ. ನರ ಬಾತರೂ ಅದರ ಹೊದಿಕೆ ಹಿಗ್ಗುವುದಿಲ್ಲ. ಒಳಗೆ ನರದ ಉಸಿರು ಕಟ್ಟುತ್ತಿದೆ. ಹೊದಿಕೆಯನ್ನು ಸೀಳಿ ಬಿಟ್ಟರೆ ನರ ಉಳಿಯುತ್ತದೆ.

ಕಾಯುವ ಹೊದಿಕೆಯೇ ಕೊಲ್ಲುತ್ತದೆ ಅನ್ನುವುದು ನನ್ನ ತಲೆಗೆ ಹೋಗಲಿಲ್ಲ. ಹಾಸಿಗೆಯ ಮೇಲೆ ಕುಳಿತು ಬಹಳ ಹೊತ್ತು ಯೋಚಿಸಿದೆ. ಆಮೇಲೆ ಒಂದು ಹೋರಿ ನೆನಪಾಯಿತು. ಕರುವಾಗಿದ್ದಾಗ ಕೊರಳಿಗೆ ಕಟ್ಟಿದ ಹಗ್ಗವನ್ನು ಯಜಮಾನ ಸಡಿಲಿಸುವುದನ್ನೇ ಮರೆತಿದ್ದ. ಹೋರಿ ಬೆಳೆಯಿತು, ಹಗ್ಗ ಬೆಳೆಯಲಿಲ್ಲ, ಚರ್ಮದೊಳಗೆ ಇಳಿದಿತ್ತು. ನಾನೇ ಕೊಯ್ದು ತೆಗೆದಿದ್ದೆ. ಆ ಹೋರಿ ನನ್ನನ್ನು ಒದೆಯಲು ಎಷ್ಟು ಹಾರಾಡಿತ್ತು! ಡಾಕ್ಟರನ್ನು ಕರೆದು, ಕೊಯ್ಯಿರಿ ಅಂದೆ.

ಮೊಣಕೈಗಷ್ಟೇ ಜೋಮು ಬರಿಸುವ ಮದ್ದು ಕೊಟ್ಟಿದ್ದರು, ನಾನು ಎಚ್ಚರವಾಗಿಯೇ ಇದ್ದೆ. ಕೈ ಆ ಕಡೆ, ಮುಖ ಈ ಕಡೆ, ನಡುವೆ ಹಸಿರು ಬಟ್ಟೆ ಕಟ್ಟಿದ್ದರು. ಬಟ್ಟೆಯ ಆಚೆ ಯಾರು ಯಾರೋ ನನ್ನ ಕೈ ಹಿಡಿಯುತ್ತಿದ್ದರು, ಎಳೆಯುತ್ತಿದ್ದರು, ಏನೋ ಹೇಳಿಕೊಳ್ಳುತ್ತಿದ್ದರು. ಜೀವಮಾನವಿಡೀ ಬಟ್ಟೆಯ ಕೆಳಗಿನದನ್ನೇ ಓದಿ ಬದುಕಿದವನಿಗೆ ಅವತ್ತು ಒಂದಕ್ಷರವೂ ತಿಳಿಯಲಿಲ್ಲ. ನನ್ನ ಕೈಯ ವ್ಯಾಪಾರ ನಡೆಯುತ್ತಿತ್ತು, ಅದರಲ್ಲಿ ನನಗೇ ಮಾತಿರಲಿಲ್ಲ. ಅಸಹಾಯಕತೆಯನ್ನು ನಾನು ಮೊದಲು ಆ ಬೆಂಚಿನಲ್ಲೂ ಆಮೇಲೆ ಸಂತೆಯಲ್ಲೂ ಅನುಭವಿಸಿದ್ದೇನೆ, ಆದರೆ ಆ ಮೇಜಿನ ಮೇಲೆ ಆದದ್ದೇ ಬೇರೆ. ಪಕ್ಕದಲ್ಲಿ ನಿಂತ ನರ್ಸ್ ನನ್ನ ಎಡಗೈ ಹಿಡಿದುಕೊಂಡಿದ್ದಳು. ಆಯಿತು, ಆಯಿತು ಅನ್ನುತ್ತಲೇ ಇದ್ದಳು, ಆಗುತ್ತಲೇ ಇರಲಿಲ್ಲ.

ನೋವು ಅವತ್ತೇ ಹೋಯಿತು. ಅದೊಂದು ದೊಡ್ಡ ಉಪಕಾರ. ಬೆರಳು ಯಾವಾಗ ಬರುತ್ತವೆ ಅಂತ ಕೇಳಿದೆ. ಡಾಕ್ಟರು ಸುಳ್ಳು ಹೇಳಲಿಲ್ಲ. ಉಳಿದದ್ದನ್ನು ಉಳಿಸಿದ್ದೇವೆ, ಹೋದದ್ದು ಬರುತ್ತದೆ ಅಂತ ಮಾತು ಕೊಡಲಾರೆ ಅಂದರು. ಬಿಟ್ಟ ಗುಳಿಗೆಗಳನ್ನೂ ತಿಂದು ಮುಗಿಸಿದೆ. ರೋಗ ವಾಸಿಯಾಗಿದೆ ಅಂತ ಹೇಳಿ ಕಳಿಸಿದರು.

ಮನೆಯಲ್ಲಿ ದಿನಾ ಬೆಳಿಗ್ಗೆ ಕೈಯನ್ನು ನೀರಿನಲ್ಲಿ ನೆನೆಸಿ, ಎಣ್ಣೆ ಹಚ್ಚಿ, ಮಡಚಿದ ಬೆರಳು ಬಿಡಿಸುವುದು ಮಹಾದೇವಿಯ ಕೆಲಸವಾಯಿತು. ಅದು ಮುಗಿದ ಮೇಲೆ ನಮ್ಮದೇ ಒಂದು ಪರೀಕ್ಷೆ. ನಾನು ಕಣ್ಣು ಮುಚ್ಚಬೇಕು, ಅವಳು ಕಸಬರಿಗೆಯ ಕಡ್ಡಿಯಿಂದ ಮುಟ್ಟಬೇಕು. ತಿಂಗಳುಗಟ್ಟಲೆ ಏನೂ ಬರಲಿಲ್ಲ. ಒಂದು ದಿನ ಉಂಗುರದ ಬೆರಳಿಗೆ ಮುಟ್ಟಿದ ಹಾಗಾಯಿತು ಅಂದೆ.

‘ಹೌದ್ರಿ, ಅಲ್ಲೇ ಮುಟ್ಟೀನಿ,’ ಅಂದಳು.

ಅವಳ ದನಿಯಲ್ಲೇ ಗೊತ್ತಾಯಿತು. ಇಷ್ಟು ವರ್ಷ ಸುಳ್ಳು ಬೆಲೆ ಕೇಳಿದವನು ನಾನು. ಕಣ್ಣು ಬಿಡಲಿಲ್ಲ. ಸ್ವಲ್ಪ ಸ್ವಲ್ಪ ಬರುತ್ತಿದೆ ನೋಡು ಅಂದೆ. ಅವಳೂ ಹೌದು ಅಂದಳು. ಮರುದಿನದಿಂದ ಆ ಪರೀಕ್ಷೆಯನ್ನು ಇಬ್ಬರೂ ಎತ್ತಲಿಲ್ಲ.

ವರ್ಷ ತುಂಬುವ ಹೊತ್ತಿಗೆ ಸಂತೆಗೆ ಹೋದೆ. ಸುದ್ದಿ ನನಗಿಂತ ಮೊದಲೇ ಹೋಗಿತ್ತು. ಯಾರೂ ಬಯ್ಯಲಿಲ್ಲ, ಅಟ್ಟಲಿಲ್ಲ, ಅಂಥದ್ದೇನೂ ನಡೆಯಲಿಲ್ಲ. ನಡೆದದ್ದು ಬೇರೆ. ಮೊದಲು ಏ ಶರಣ್ಯಾ ಅಂತ ಹೆಗಲ ಮೇಲೆ ಕೈ ಹಾಕುತ್ತಿದ್ದವರೆಲ್ಲ ಬಹುವಚನ ಹಿಡಿದರು. ನಾನು ಒಬ್ಬರ ಎತ್ತಿನ ಹಗ್ಗ ಹಿಡಿದು ನಿಂತು ದಸ್ತಿ ಬಿಚ್ಚಿದೆ. ಎದುರಿನ ದಲಾಲಿ ಎರಡು ಹೆಜ್ಜೆ ಹಿಂದೆ ಸರಿದ.

‘ಬಾಯಿಲೇ ಹೇಳ್ರಿ ಶರಣಪ್ಪನೋರ,’ ಅಂದ. ‘ನಮ್ಮ ನಿಮ್ಮದ್ರಾಗ ಮುಚ್ಚುಮರಿ ಯಾಕ?’

ಅಷ್ಟು ಮರ್ಯಾದೆ ನನಗೆ ಸಂತೆಯಲ್ಲಿ ಎಂದೂ ಸಿಕ್ಕಿರಲಿಲ್ಲ. ಬೆಲೆಯನ್ನು ಬಾಯಿಂದ ಹೇಳಿದೆ. ಸುತ್ತ ನಿಂತವರೆಲ್ಲ ಕೇಳಿಸಿಕೊಂಡರು. ಇಬ್ಬರು ಅದಕ್ಕಿಂತ ಕಮ್ಮಿಗೆ ತಮ್ಮ ಎತ್ತು ತೋರಿಸಿದರು. ಗಿರಾಕಿ ಕೈತಪ್ಪಿ ಹೋದ. ಎರಡನೆಯವನೂ ಬಾಯಿಂದ ಹೇಳಿ ಅಂದ, ಮೂರನೆಯವನೂ ಅದನ್ನೇ ಅಂದ. ನನ್ನಿಂದ ಯಾರಿಗೂ ಹತ್ತುವುದಿಲ್ಲ ಅಂತ ಡಾಕ್ಟರಮ್ಮ ಹೇಳಿದ್ದು ನಾಲಗೆಯ ತುದಿಯಲ್ಲಿತ್ತು. ಯಾರ ಮುಂದೆ ಹೇಳಲಿ? ಅವರು ರೋಗದ ಮಾತನ್ನೇ ಎತ್ತಿರಲಿಲ್ಲ. ಮಧ್ಯಾಹ್ನದ ಹೊತ್ತಿಗೆ ಎತ್ತಿನ ಮಾಲೀಕರೂ ಮುಜುಗರದಿಂದ, ನಾವು ಬೇರೆಯವರನ್ನು ನೋಡಿಕೊಳ್ಳುತ್ತೇವೆ ಅಂದರು. ನಾನು ದಸ್ತಿಯನ್ನು ಹೆಗಲಿಗೆ ಹಾಕಿಕೊಂಡು ಬೇವಿನ ಮರದ ಕೆಳಗೆ ಕುಳಿತೆ.

ಅಲ್ಲಿಗೆ ಲಾಡ್ಲೇಸಾಬ ಬಂದ. ಜಗಳವಾದ ದಿನದಿಂದ ಅವನು ನನ್ನ ನೆರಳಿಗೂ ಬಂದಿರಲಿಲ್ಲ. ಎದುರಿಗೆ ಕುಕ್ಕರುಗಾಲಿನಲ್ಲಿ ಕುಳಿತು ನನ್ನ ಬಲಗೈಯನ್ನೇ ನೋಡಿದ. ಅಡಗಿಸಲು ನನಗೂ ಮನಸ್ಸಾಗಲಿಲ್ಲ.

‘ಅವತ್ತ್ ಎಷ್ಟ್ ತಿಳದ್ವು?’ ಅಂತ ಕೇಳಿದ.

‘ಎರಡಽ.’

ಅವನು ನನಗೆ ಒಂದು ಕೆಟ್ಟ ಬೈಗುಳ ಬೈದ. ಅದನ್ನಿಲ್ಲಿ ಬರೆಯುವಂತಿಲ್ಲ. ವರ್ಷದಿಂದ ನನಗೆ ಯಾರೂ ಬೈದಿರಲಿಲ್ಲ, ಕೇಳಿ ಹಿತವಾಯಿತು. ನನ್ನ ಹತ್ತಿರ ಒಬ್ಬ ಗಿರಾಕಿ ಇದ್ದಾನೆ, ಆ ಎತ್ತಿನವರನ್ನು ವಾಪಸ್ ಕರೆದಿದ್ದೇನೆ, ಏಳು ಅಂದ. ಕೈ ಇಲ್ಲವಲ್ಲೋ ಅಂದೆ.

‘ಎಡಗೈ ತಾ ಶರಣ್ಯಾ.’

ಎಡಗೈಯಲ್ಲಿ ಯಾರೂ ವ್ಯವಹಾರ ಮಾಡುವುದಿಲ್ಲ. ಎಡಗೈ ಕೊಟ್ಟರೆ ಎದುರಿನವನಿಗೆ ಅಪಮಾನ, ಅದಕ್ಕೇ ಸಂತೆಯಲ್ಲಿ ಹೊಡೆದಾಟವಾದದ್ದುಂಟು. ಅವನು ಅಂಗಿ ಹೊಲಿಸಲು ಅಳತೆ ಕೊಡುವವನಂತೆ ಕೈ ಚಾಚಿ ನಿಂತಿದ್ದ. ದೂರದಿಂದ ನೋಡುತ್ತಿದ್ದವರು ನೋಡುತ್ತಲೇ ಇದ್ದರು.

ಇಲ್ಲೇ ಒಂದು ಮಾತು ಹೇಳಿಬಿಡುತ್ತೇನೆ. ಆಮೇಲೂ ಉಳಿದ ದಲಾಲಿಗಳು ಕೈ ಕೊಡಲು ಬರಲಿಲ್ಲ. ನನ್ನ ಎರಡು ಬೆರಳೂ ಬರಲಿಲ್ಲ, ಈಗಲೂ ಮಡಚಿಕೊಂಡೇ ಇವೆ. ಆ ಸಂತೆಯಲ್ಲಿ ನಾನು ದಲಾಲಿ ಕೆಲಸ ಬಿಡುವ ತನಕ ದಸ್ತಿಯ ಕೆಳಗೆ ನನಗೆ ಕೈ ಕೊಟ್ಟವನು ಅವನೊಬ್ಬನೇ.

ನಾನು ಎದ್ದು ಎಡಗೈ ಕೊಟ್ಟೆ. ಲಾಡ್ಲೇಸಾಬ ತನ್ನ ದಸ್ತಿ ಹೊದಿಸಿದ. ನನ್ನ ಎಡಗೈಗೆ ಆ ಭಾಷೆಯೇ ಬರುತ್ತಿರಲಿಲ್ಲ. ಅವನು ಅವಸರ ಮಾಡದೆ ಒಂದೊಂದೇ ಬೆರಳು ಹಿಡಿದು, ಬಿಟ್ಟು, ಮತ್ತೆ ಹಿಡಿದು ಬೆಲೆ ಹೇಳಿದ. ಕಣ್ಣಲ್ಲಿ ನೀರು ಬರುತ್ತಿತ್ತು, ಮುಖದ ಮೇಲೆ ಏನೂ ಕಾಣಬಾರದು ಅಂತ ಹಲ್ಲು ಕಚ್ಚಿ ನಿಂತೆ. ಪೂರ್ತಿ ತಿಳಿಯಿತು. ಆ ಎತ್ತಿಗೆ ಅದು ತೀರಾ ಕಮ್ಮಿ ಬೆಲೆ. ಆಗುವುದಿಲ್ಲ ಅಂತ ತಲೆ ಅಲ್ಲಾಡಿಸಿ, ಅವನ ಇನ್ನೊಂದು ಬೆರಳನ್ನೂ ಸೇರಿಸಿ ಹಿಡಿದೆ.